ಗೋವಾದಲ್ಲಿ ಸಿ.ಐ.ಡಿ. 999 : ನಗು ಒಬ್ಬನಿಗೆ, ಪತ್ತೇದಾರಿ ಇನ್ನೊಬ್ಬನಿಗೆ

ಹಳೆಯ ವಿದ್ಯಾರ್ಥಿಯೊಬ್ಬ ಈಚೆಗೆ 1934ರ ‘ದಿ ಥಿನ್ ಮ್ಯಾನ್’ ಎಂಬ ಹಾಲಿವುಡ್ ಚಿತ್ರವನ್ನು ತನ್ನ ಮನೆಯಲ್ಲಿ ನನಗೆ ತೋರಿಸಿದ. ವಿಲಿಯಂ ಪೊವೆಲ್ ಮತ್ತು ಮಿರ್ನಾ ಲಾಯ್ ದಂಪತಿಗಳಾಗಿ ನಟಿಸಿದ್ದಾರೆ; ಜೊತೆಗೊಂದು ನಾಯಿಮರಿ. ಗಂಡ ಕೊಲೆಯ ಜಾಡು ಹಿಡಿಯುತ್ತಾನೆ, ಹೆಂಡತಿಯೊಡನೆ ಸರಸದ ಮಾತನ್ನೂ ಆಡುತ್ತಾನೆ. “ಸರ್, ನಮ್ಮಲ್ಲಿ ಇಂಥದು ಇರಲಿಲ್ಲವೇ?” ಎಂದು ಅವನು ಕೇಳಿದ. ಇತ್ತು, ಆದರೆ ನಮ್ಮದರ ರಚನೆಯೇ ಬೇರೆ.

1968ರಲ್ಲಿ ದೊರೈ–ಭಗವಾನ್ ಜೋಡಿ ‘ಜೇಡರ ಬಲೆ’ಯನ್ನು ನಿರ್ದೇಶಿಸಿತು. ಜೇಮ್ಸ್ ಬಾಂಡ್ ಮಾದರಿಯ ಗೂಢಚಾರನಾಗಿ ಡಾ. ರಾಜಕುಮಾರ್ ಬಂದರು. ಅದೇ ವರ್ಷ ‘ಗೋವಾದಲ್ಲಿ ಸಿ.ಐ.ಡಿ. 999’ ತೆರೆಕಂಡಿತು, ಮರುವರ್ಷ ‘ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿ.ಐ.ಡಿ. 999’. ಕಥೆಯನ್ನು ಹೇಳುವುದಿಲ್ಲ; ರಹಸ್ಯಚಿತ್ರದ ಗುಟ್ಟನ್ನು ಬಿಟ್ಟುಕೊಡುವುದು ಸಭ್ಯತೆಯಲ್ಲ.

ಅಗಸೂರಿನ ನಮಗೆ ‘ಗೋವಾ’ ಎಂಬ ಪದವೇ ಅರ್ಧ ರಹಸ್ಯವಾಗಿತ್ತು. 1961ರ ಡಿಸೆಂಬರ್ 19ರವರೆಗೆ ಅದು ಪೋರ್ಚುಗೀಸರ ನಾಡು. ಆಗ ಕಾಳಿ ನದಿಗೆ ಸೇತುವೆಯಿರಲಿಲ್ಲ. ಕೋಡಿಬಾಗದಿಂದ ಸದಾಶಿವಗಡಕ್ಕೆ ನದಿ ದಾಟಿ, ಮಾಜಾಳಿಯ ಗಡಿ ಕಳೆದು ಹೋಗಬೇಕಿತ್ತು. (ಮುಂದೆ ಕಟ್ಟಿದ ಸೇತುವೆಯೂ 2024ರ ಆಗಸ್ಟ್‌ನಲ್ಲಿ ಕುಸಿದು ನದಿ ಸೇರಿತು.) ಗಡಿಯಾಚೆಯಿಂದ ಕದ್ದು ಬರುವ ಬಂಗಾರದ ಮಾತು ಹಿರಿಯರ ಜಗಲಿಯಲ್ಲಿ ಪಿಸುದನಿಯಲ್ಲಿ ನಡೆಯುತ್ತಿತ್ತು.

ಬಂಗಾರವೆಂದೊಡನೆ ನೆರೆಮನೆಯ ಅಕ್ಕಸಾಲಿಗರು ನೆನಪಾಗುತ್ತಾರೆ. 1963ರಲ್ಲಿ ಮೊರಾರ್ಜಿ ದೇಸಾಯಿಯವರು ಅರ್ಥಸಚಿವರಾಗಿದ್ದಾಗ ಬಂದ ಸ್ವರ್ಣ ನಿಯಂತ್ರಣ ನಿಯಮದಂತೆ 14 ಕ್ಯಾರೆಟ್ಟಿಗಿಂತ ಶುದ್ಧವಾದ ಆಭರಣ ಮಾಡುವಂತಿರಲಿಲ್ಲ. ಮಂಗಳಸೂತ್ರಕ್ಕೆ ಅಂಥ ಬಂಗಾರವನ್ನು ಯಾರು ಕೇಳುತ್ತಾರೆ? ಆ ಕಟ್ಟಳೆ 1966ರಲ್ಲಿ ಸಡಿಲವಾಯಿತು, 1968ರಲ್ಲಿ ಸ್ವರ್ಣ ನಿಯಂತ್ರಣ ಕಾಯಿದೆಯೇ ಬಂತು. ಅಷ್ಟರಲ್ಲಿ ನೆರೆಯವರ ಅಗ್ಗಿಷ್ಟಿಕೆ ತಣ್ಣಗಾಗಿತ್ತು. ಅಂಗಡಿಯೊಂದರಲ್ಲಿ ಲೆಕ್ಕ ಬರೆಯತೊಡಗಿದ್ದರು.

ಚಿತ್ರ ಅಂಕೋಲೆಯ ಟೆಂಟಿಗೆ ಬಂದದ್ದು ಕೆಲವು ವರ್ಷ ತಡವಾಗಿ. ಮಕ್ಕಳಾದ ನಮ್ಮನ್ನು ಕರೆದೊಯ್ದವರು ಅವರೇ. ರಾಜಕುಮಾರ್ ಹೊಡೆದಾಡುವಾಗ ಟೆಂಟೆಲ್ಲ ಸಿಳ್ಳೆ ಹಾಕಿದರೂ ಅವರು ಕೈಕಟ್ಟಿ ಕುಳಿತೇ ಇದ್ದರು. “ಸಿನಿಮಾದಲ್ಲಿ ಕಳ್ಳರು ಸಿಕ್ಕಿಬೀಳುತ್ತಾರೆ, ಊರಲ್ಲಿ ಕುಲುಮೆ ಆರುತ್ತದೆ” ಎಂದರು, ಯಾರಿಗೆಂದು ತಿಳಿಯಲಿಲ್ಲ. ನರಸಿಂಹರಾಜು ಪರದೆಯ ಮೇಲೆ ಬಂದಾಗ ಮಾತ್ರ ಹೆಗಲ ಮೇಲಿನ ಪಂಚೆಯನ್ನು ಬಾಯಿಗೊತ್ತಿ ನಕ್ಕರು. ನಾನು ಪರದೆ ಬಿಟ್ಟು ಅವರನ್ನೇ ನೋಡಿದೆ. ಅವರ ನಗು ಕಂಡು ಬಹಳ ಕಾಲವಾಗಿತ್ತು.

ನನ್ನ ವಿದ್ಯಾರ್ಥಿಗೆ ಹೇಳಿದ ಉತ್ತರ ಇಲ್ಲಿದೆ. ಪೊವೆಲ್ ತಾನೇ ಪತ್ತೇದಾರ, ತಾನೇ ವಿದೂಷಕ. ನಮ್ಮಲ್ಲಿ ಆ ಕೆಲಸ ಇಬ್ಬರಿಗೆ ಹಂಚಿಹೋಗಿದೆ. ನಮ್ಮ ಜಿಲ್ಲೆಯ ಯಕ್ಷಗಾನವನ್ನೇ ನೋಡಿ: ಕಿರೀಟ ಕಟ್ಟಿದ ರಾಜವೇಷ ನಗಿಸಲು ನಿಲ್ಲುವುದಿಲ್ಲ, ದೂತನಾಗಿಯೋ ಸಾರಥಿಯಾಗಿಯೋ ಬರುವ ಹಾಸ್ಯಗಾರನೇ ರಾಜನ ಪಕ್ಕದಲ್ಲಿ ನಿಂತು ನಮ್ಮ ಪರವಾಗಿ ಮಾತಾಡುತ್ತಾನೆ. ಕಂಪನಿ ನಾಟಕದಲ್ಲೂ ಇದೇ ಕ್ರಮ. ರಾಜಕುಮಾರ್, ನರಸಿಂಹರಾಜು ಇಬ್ಬರೂ ಆ ರಂಗಭೂಮಿಯಿಂದಲೇ ಬಂದವರು, 1954ರ ‘ಬೇಡರ ಕಣ್ಣಪ್ಪ’ದಲ್ಲಿ ಒಟ್ಟಿಗೆ ಬೆಳಕಿಗೆ ಬಂದವರು. ಗೂಢಚಾರನಿಗೆ ಕೋಟು, ಪಿಸ್ತೂಲು ಕೊಟ್ಟರೂ ಆಟದ ಚೌಕಟ್ಟು ಹಳೆಯದೇ. ಇದನ್ನು ಬಾಂಡ್‌ನ ನಕಲೆಂದು ತಳ್ಳಿಹಾಕುವ ವಿಮರ್ಶಕರು ಅರ್ಧವನ್ನಷ್ಟೇ ನೋಡಿದ್ದಾರೆಂದು ನನ್ನ ಅನಿಸಿಕೆ.

ತಿಪಟೂರಿನಲ್ಲಿ ಹುಟ್ಟಿದ ನರಸಿಂಹರಾಜು 1979ರ ಜುಲೈಯಲ್ಲಿ ತೀರಿಕೊಂಡರು, ವಯಸ್ಸು ಅರವತ್ತೂ ಆಗಿರಲಿಲ್ಲ. ಸುದ್ದಿಯನ್ನು ಪತ್ರಿಕೆಯಲ್ಲಿ ಓದಿ ಹೇಳಿದವನು ನಾನೇ. ನೆರೆಯವರು ಲೆಕ್ಕದ ಪುಸ್ತಕ ಮುಚ್ಚಿಟ್ಟು, ಆ ದಿನ ಅಂಗಡಿಗೆ ಹೋಗಲಿಲ್ಲ.