ಸೋಲ್ ಹಾಡಿನ ಒಡೆಯರನ್ನು ಹುಡುಕುತ್ತಾ

ಬುಕರ್ ಟಿ ಅಂಡ್ ದ ಎಂಜೀಸ್ ತಂಡದ ‘ಗ್ರೀನ್ ಆನಿಯನ್ಸ್’ 1962ರದು, ‘ಟೈಮ್ ಈಸ್ ಟೈಟ್’ 1969ರದು. ಎರಡನ್ನೂ ಹೊರತಂದದ್ದು ಅಮೆರಿಕದ ಮೆಂಫಿಸ್‌ನ ಸ್ಟಾಕ್ಸ್ ಕಂಪನಿ. ಆದರೆ ಇಂದು ಮೊದಲನೆಯದು ವಾರ್ನರ್ ಗುಂಪಿನ ಸ್ವತ್ತು, ಎರಡನೆಯದು ಕಾನ್ಕಾರ್ಡ್‌ನದು. ಹಳೆಯ ಸೋಲ್ ಹಾಡುಗಳನ್ನು ಕಾನೂನುಬದ್ಧವಾಗಿ ಡೌನ್‌ಲೋಡ್ ಮಾಡಿಕೊಳ್ಳಲು ಹೊರಟವರು ಈ ಒಡೆತನದ ಕಥೆಯಿಂದಲೇ ಶುರುಮಾಡಬೇಕು.

ಹಳೆಯ ಚಿತ್ರಮಂದಿರವೊಂದನ್ನು ಸ್ಟುಡಿಯೊ ಮಾಡಿಕೊಂಡು ಜಿಮ್ ಸ್ಟೀವರ್ಟ್ ಮತ್ತು ಅವರ ಅಕ್ಕ ಎಸ್ಟೆಲ್ ಆಕ್ಸ್‌ಟನ್ ಸ್ಟಾಕ್ಸ್ ಕಟ್ಟಿದರು. ಮಾರಾಟದ ಹೊಣೆ ಈಗ ವಾರ್ನರ್ ಗುಂಪಿನಲ್ಲಿರುವ ಅಟ್ಲಾಂಟಿಕ್ ಕಂಪನಿಯದಾಗಿತ್ತು. ಅದರ ಜತೆಗಿನ ಕರಾರುಪತ್ರವನ್ನು ಸ್ಟೀವರ್ಟ್ ಸರಿಯಾಗಿ ಓದಿರಲಿಲ್ಲ. ತಾವೇ ಮುದ್ರಿಸಿದ ಹಾಡುಗಳ ಮೂಲ ಟೇಪುಗಳು ತಮ್ಮವಲ್ಲ, ಅಟ್ಲಾಂಟಿಕ್‌ನವು ಎಂದು ಅವರಿಗೆ ಗೊತ್ತಾದದ್ದು 1968ರಲ್ಲಿ, ಸ್ಟಾಕ್ಸ್ ಗಾಯಕ ಓಟಿಸ್ ರೆಡಿಂಗ್ ವಿಮಾನ ಅಪಘಾತದಲ್ಲಿ ತೀರಿಕೊಂಡ ಕೆಲವೇ ತಿಂಗಳಲ್ಲಿ. ಬರಿಗೈಯಾದ ಸಂಸ್ಥೆಯನ್ನು ಮತ್ತೆ ಎತ್ತಿ ನಿಲ್ಲಿಸಲು ಅದರ ಆಡಳಿತ ನೋಡುತ್ತಿದ್ದ ಆಲ್ ಬೆಲ್ 1969ರಲ್ಲಿ ಒಟ್ಟಿಗೇ 27 ಆಲ್ಬಂ ಹೊರತಂದರು. ಐಸಾಕ್ ಹೇಯ್ಸ್‌ರ ‘ಹಾಟ್ ಬಟರ್ಡ್ ಸೋಲ್’ ಅವುಗಳಲ್ಲೊಂದು: ನಾಲ್ಕೇ ಹಾಡು, ಒಂದು 18 ನಿಮಿಷಕ್ಕೂ ದೀರ್ಘ. ಆದರೂ 1975ರಲ್ಲಿ ಸ್ಟಾಕ್ಸ್ ದಿವಾಳಿಯಾಯಿತು. ಉಳಿದ ಟೇಪುಗಳು ಫ್ಯಾಂಟಸಿ ಕಂಪನಿಗೆ, 2004ರಲ್ಲಿ ಅಲ್ಲಿಂದ ಕಾನ್ಕಾರ್ಡ್‌ಗೆ ಹೋದವು.

ಡೆಟ್ರಾಯಿಟ್‌ನ ಮೋಟೌನ್ ಕಥೆ ಇಷ್ಟು ಗೋಜಲಲ್ಲ. ಬೆರಿ ಗಾರ್ಡಿ 1959ರಲ್ಲಿ ಮನೆಯವರಿಂದ 800 ಡಾಲರ್ ಸಾಲ ತಂದು ಆರಂಭಿಸಿದ ಕಂಪನಿ 1988ರಲ್ಲಿ 6.1 ಕೋಟಿ ಡಾಲರಿಗೆ ಮಾರಾಟವಾಗಿ, ಕೊನೆಗೆ ಯೂನಿವರ್ಸಲ್ ಸೇರಿತು.

ಒಡೆತನದ ಕಥೆ ಹೀಗಾದರೆ, ಡೌನ್‌ಲೋಡಿನದು ಇನ್ನೊಂದು. 1999ರಲ್ಲಿ ಬಂದ ಕಡತ ಹಂಚಿಕೆಯ ತಂತ್ರಾಂಶ ನ್ಯಾಪ್‌ಸ್ಟರ್‌ನಲ್ಲಿ ಹಾಡುಗಳೆಲ್ಲ ಪುಕ್ಕಟೆ ಸಿಕ್ಕವು, ಹಾಡಿದವರಿಗೆ ಕಾಸು ಸಿಗಲಿಲ್ಲ. 2003ರಲ್ಲಿ ಐಟ್ಯೂನ್ಸ್ ಮಳಿಗೆ ಹಾಡಿಗೆ 99 ಸೆಂಟ್ ಬೆಲೆಯಿಟ್ಟಿತು, ಆದರೆ ಕಡತಕ್ಕೆ ನಕಲು ತಡೆಯುವ ಬೀಗವಿತ್ತು. 2007ರಲ್ಲಿ ಅಮೆಜಾನ್ ಬೀಗವಿಲ್ಲದ ಎಂಪಿ3 ಮಾರತೊಡಗಿತು. 2009ರಲ್ಲಿ ಐಟ್ಯೂನ್ಸ್ ಕೂಡ ಬೀಗ ತೆಗೆಯಿತು. ಭಾರತಕ್ಕೆ ಆ ಮಳಿಗೆ ಬಂದದ್ದು 2012ರ ಡಿಸೆಂಬರಿನಲ್ಲಿ. ಈಗಿನ ಸ್ಟ್ರೀಮಿಂಗ್ ಆ್ಯಪ್‌ಗಳ ‘ಡೌನ್‌ಲೋಡ್’ ಚಂದಾ ಇರುವವರೆಗೆ ಮಾತ್ರ. ನನ್ನ ಮಟ್ಟಿಗೆ ಅದು ಬಾಡಿಗೆ.

ಕೊಳ್ಳುವ ಮುನ್ನ ಲೇಬಲ್ ಮತ್ತು ಇಸವಿಯ ಸಾಲು ನೋಡಿ. ಗಾಯಕರು ಇಳಿವಯಸ್ಸಿನಲ್ಲಿ ಮತ್ತೆ ಹಾಡಿ ಮುದ್ರಿಸಿದ ಆವೃತ್ತಿಗಳು ಅದೇ ಹೆಸರಿನಲ್ಲಿ ಅಗ್ಗಕ್ಕೆ ಸಿಗುತ್ತವೆ. 1960ರ ದಶಕದ ಆ ದನಿ ಅವುಗಳಲ್ಲಿರುವುದಿಲ್ಲ.

ಮೆಡ್ಲಿಗಳ ಕಷ್ಟ ಬೇರೆ. ಗಾಯಕ ಜೇಮ್ಸ್ ಬ್ರೌನ್ 1962ರಲ್ಲಿ ಸ್ವಂತ ದುಡ್ಡು ಹಾಕಿ ಮುದ್ರಿಸಿಕೊಂಡ ಅಪೋಲೊ ರಂಗಮಂದಿರದ ಕಛೇರಿಯಲ್ಲಿ ಹಲವು ಹಾಡುಗಳ ತುಣುಕುಗಳನ್ನು ಒಂದೇ ಉಸಿರಿಗೆ ಪೋಣಿಸಿದ ಮೆಡ್ಲಿಯಿದೆ. ಅದನ್ನೊಂದನ್ನೇ ಕೊಂಡರೆ ಅದಕ್ಕೂ ಮುಂಚೆ ಸಭಿಕರ ಕೂಗಿನೊಂದಿಗೆ ಏರುತ್ತ ಬಂದ ಕಾವು ಸಿಗುವುದಿಲ್ಲ. ಇಡೀ ಆಲ್ಬಂ ಕೊಳ್ಳಬೇಕು. ಡಿಜೆಗಳು ಬೇರೆಬೇರೆಯವರ ಹಾಡು ಬೆಸೆದ ಮೆಡ್ಲಿಗೆ ಪ್ರತಿ ಹಾಡಿನ ಮುದ್ರಣಕ್ಕೊಂದು, ರಚನೆಗೊಂದು ಅನುಮತಿ ಬೇಕು. ಅಂಥವು ಸಕ್ರಮವಾಗಿ ಸಿಗುವುದು ವಿರಳ.

ಹಳೆಯದೆಂದ ಮಾತ್ರಕ್ಕೆ ಹಕ್ಕು ಮುಗಿದಿರುವುದಿಲ್ಲ. 1957ರಿಂದ 1972ರ ಫೆಬ್ರುವರಿ ಮಧ್ಯದವರೆಗಿನ ಮುದ್ರಣಗಳಿಗೆ ಅಮೆರಿಕದಲ್ಲಿ 2067ರವರೆಗೆ ರಕ್ಷಣೆಯಿದೆ. ಭಾರತದಲ್ಲಿ ಮುದ್ರಣದ ಹಕ್ಕು ಬಿಡುಗಡೆಯಿಂದ 60 ವರ್ಷ, ಆದರೆ ಹಾಡು ಕಟ್ಟಿದವರ ಹಕ್ಕು ಅವರು ತೀರಿದ ಮೇಲೂ 60 ವರ್ಷ ಇರುತ್ತದೆ.

ನನಗೆ ಅತಿ ಪ್ರಿಯವಾದದ್ದು ಶಿಕಾಗೊದ ನ್ಯೂಮೆರೊ ಗ್ರೂಪ್‌ನ ಕೆಲಸ. ಮರೆತುಹೋದ ಲೇಬಲ್‌ಗಳ ಒಡೆಯರನ್ನು ಹುಡುಕಿ, ಒಪ್ಪಿಗೆ ಪಡೆದು ಹಾಡುಗಳನ್ನು ಮತ್ತೆ ತರುತ್ತಾರೆ. ಒಹಾಯೊದ ಕೊಲಂಬಸ್ ನಗರದ ಪುಟ್ಟ ಕ್ಯಾಪ್‌ಸೋಲ್ ಲೇಬಲ್ಲಿನ ಹಾಡುಗಳೇ 2004ರಲ್ಲಿ ಅವರ ಮೊದಲ ಸಂಕಲನವಾದವು. ಬ್ಯಾಂಡ್‌ಕ್ಯಾಂಪ್ ಜಾಲತಾಣದಲ್ಲಿ ಅವರ ಸಂಕಲನಗಳನ್ನು ಬೀಗವಿಲ್ಲದ, ಗುಣಮಟ್ಟ ಕುಂದದ ಫ್ಲ್ಯಾಕ್ ಕಡತಗಳಾಗಿಯೇ ಕೊಳ್ಳಬಹುದು.