ಐದು ಸಾವಿರ ಬ್ಲಸ್ಟ್ರಗ್ ಸಾಮ್ರಾಜ್ಯ

ಲಿಲಿಪುಟ್ ದೇಶದ ಚಕ್ರವರ್ತಿಯ ಬಿರುದಾವಳಿ ಬಲು ಉದ್ದ. ಅದರಲ್ಲಿ ಅವನ ರಾಜ್ಯದ ವಿಸ್ತಾರವೂ ಸೇರಿದೆ. ಭೂಮಂಡಲದ ಅಂಚಿನವರೆಗೂ ಹಬ್ಬಿದ ಆ ರಾಜ್ಯದ ಅಳತೆ ಐದು ಸಾವಿರ ಬ್ಲಸ್ಟ್ರಗ್! ಓದುಗ ಬೆರಗಾಗುವಷ್ಟರಲ್ಲೇ ಲೇಖಕ ಆವರಣದೊಳಗೆ ತಣ್ಣಗೆ ಒಂದು ಮಾತು ಸೇರಿಸುತ್ತಾನೆ: ಸುತ್ತಳತೆ ಸುಮಾರು 12 ಮೈಲಿ. ಬೆಳಿಗ್ಗೆ ತಿಂಡಿ ತಿಂದು ಹೊರಟವನು ಇಡೀ ಸಾಮ್ರಾಜ್ಯವನ್ನು ಒಂದು ಸುತ್ತು ಹಾಕಿ ಮಧ್ಯಾಹ್ನದ ಊಟಕ್ಕೆ ಮನೆಗೆ ಬರಬಹುದು.

ಲೋಕದಲ್ಲಿ ಎಲ್ಲಿಯೂ ಇಲ್ಲದ ಈ ಅಳತೆಯನ್ನು ಸೃಷ್ಟಿಸಿದವನು ಜೋನಾಥನ್ ಸ್ವಿಫ್ಟ್. 1667ರಲ್ಲಿ ಡಬ್ಲಿನ್ನಿನಲ್ಲಿ ಹುಟ್ಟಿ, 1713ರಿಂದ ಅಲ್ಲಿನ ಸೇಂಟ್ ಪ್ಯಾಟ್ರಿಕ್ ಪ್ರಧಾನ ಚರ್ಚಿನ ಡೀನ್ ಆಗಿದ್ದ ಪಾದ್ರಿ. ಅವನ ‘ಗಲಿವರನ ಪ್ರವಾಸಗಳು’ 1726ರ ಅಕ್ಟೋಬರ್‌ನಲ್ಲಿ ಲಂಡನ್ನಿನಲ್ಲಿ ಪ್ರಕಟವಾದಾಗ ಪುಸ್ತಕದ ಮೇಲೆ ಸ್ವಿಫ್ಟ್‌ನ ಹೆಸರೇ ಇರಲಿಲ್ಲ. ಲೆಮ್ಯುಯಲ್ ಗಲಿವರ್ ಎಂಬ ಹಡಗಿನ ವೈದ್ಯನೇ ಬರೆದ ನಿಜವಾದ ಪ್ರವಾಸ ಕಥನವೆಂಬಂತೆ ಅದು ಹೊರಬಂತು. ಆ ಕಾಲದ ಇಂಗ್ಲೆಂಡಿನಲ್ಲಿ ಅಂಥ ಪುಸ್ತಕಗಳಿಗೆ ಎಲ್ಲಿಲ್ಲದ ಬೇಡಿಕೆ. ನಾವಿಕ ವಿಲಿಯಂ ಡ್ಯಾಂಪಿಯರ್ 1697ರಲ್ಲಿ ಪ್ರಕಟಿಸಿದ ಭೂಪ್ರದಕ್ಷಿಣೆಯ ಕಥನ ಮನೆಮಾತಾಗಿತ್ತು. ಇಷ್ಟು ಡಿಗ್ರಿ ಅಕ್ಷಾಂಶ, ಇಷ್ಟು ಲೀಗ್ ದೂರ, ಇಷ್ಟು ಮಾರು ಆಳ ಎಂದು ಅಂಕಿ ಸಮೇತ ಬರೆದರೆ ಓದುಗರು ನಂಬುತ್ತಿದ್ದರು. ಸ್ವಿಫ್ಟ್ ಮಾಡಿದ್ದೂ ಅದನ್ನೇ. ಸುಳ್ಳನ್ನು ಅಡಿಪಟ್ಟಿ ಹಿಡಿದು ಹೇಳಿದ.

ಗೇಣು, ಮೊಳ, ಮಾರು ಎಲ್ಲವೂ ಮನುಷ್ಯನ ಮೈಯಿಂದ ಬಂದ ಅಳತೆಗಳು. ಹಾಗಿದ್ದರೆ ಆರಂಗುಲ ಎತ್ತರದ ಜನರ ಅಳತೆ ಹೇಗಿರಬೇಕು? ಲಿಲಿಪುಟ್‌ಗೂ ಅದರ ವೈರಿ ಬ್ಲೆಫುಸ್ಕುವಿಗೂ ನಡುವಿನ ಕಾಲುವೆಯ ಆಳ ಉಬ್ಬರದ ವೇಳೆ 70 ಗ್ಲಂಗ್ಲಫ್, ಅಂದರೆ ಸುಮಾರು ಆರಡಿ ಎನ್ನುತ್ತಾನೆ ಗಲಿವರ್. ಆರಡಿ ಎಂದರೆ 72 ಅಂಗುಲ. 70ರಿಂದ ಭಾಗಿಸಿದರೆ ಒಂದು ಗ್ಲಂಗ್ಲಫ್ ಒಂದಂಗುಲಕ್ಕಿಂತ ಕೂದಲೆಳೆಯಷ್ಟು ಹೆಚ್ಚು. ಲಿಲಿಪುಟ್‌ನಲ್ಲಿ ಎಲ್ಲವೂ ನಮ್ಮದರ ಹನ್ನೆರಡರಲ್ಲೊಂದು ಪಾಲು. ಅಡಿಯ ಹನ್ನೆರಡರಲ್ಲೊಂದು ಪಾಲೇ ಅಂಗುಲ. ಹೀಗಾಗಿ ಗ್ಲಂಗ್ಲಫ್ ಎಂಬುದು ಲಿಲಿಪುಟ್ ಜನರ ‘ಅಡಿ’. ಅವರ ಪಾಲಿಗೆ ಅದು ಎಪ್ಪತ್ತಡಿ ಆಳದ ಕಡಲು. ಗಲಿವರ್ ಅದರಲ್ಲಿ ನಡೆದು, ನಡುವೆ ಸ್ವಲ್ಪ ಈಜಿ, ವೈರಿಯ ಹಡಗುಗಳನ್ನು ಎಳೆದು ತರುತ್ತಾನೆ.

ಇನ್ನೊಂದು ಅಳತೆ ‘ಡ್ರರ್’. ಅಂಗುಲದ ಹದಿನಾಲ್ಕರಲ್ಲೊಂದು ಭಾಗ; ಎರಡು ಮಿಲಿಮೀಟರ್ ಕೂಡ ಇಲ್ಲ. ಆ ದೇಶದ ರಾಜಕೀಯ ನಿಂತಿರುವುದು ಅದರ ಮೇಲೆಯೇ. ಅಲ್ಲಿರುವುದು ಎತ್ತರ ಹಿಮ್ಮಡಿಯ ಪಕ್ಷ ಮತ್ತು ತಗ್ಗು ಹಿಮ್ಮಡಿಯ ಪಕ್ಷ. ಚಕ್ರವರ್ತಿ ಎರಡನೆಯವರ ಕಡೆ ಎಂಬುದಕ್ಕೆ ಸಾಕ್ಷಿ, ಅವನ ಪಾದರಕ್ಷೆಯ ಹಿಮ್ಮಡಿ ಆಸ್ಥಾನಿಕರೆಲ್ಲರದಕ್ಕಿಂತ ಒಂದು ಡ್ರರ್ ತಗ್ಗಾಗಿರುವುದು. ಯುವರಾಜನ ಒಂದು ಹಿಮ್ಮಡಿ ಎತ್ತರ, ಇನ್ನೊಂದು ತಗ್ಗು. ಪಾಪ, ಕುಂಟುತ್ತಾ ನಡೆಯುತ್ತಾನೆ. ಟೋರಿ ಮತ್ತು ವಿಗ್ ಪಕ್ಷಗಳ ಜಗಳದಲ್ಲಿ ಮುಳುಗಿದ್ದ ಲಂಡನ್ನಿನ ಓದುಗರಿಗೆ ಇದು ಯಾರನ್ನು ಕುರಿತದ್ದು ಎಂದು ಬಿಡಿಸಿ ಹೇಳಬೇಕಿರಲಿಲ್ಲ.

ದೈತ್ಯರ ನಾಡು ಬ್ರಾಬ್ಡಿಂಗ್ನಾಗ್‌ನಲ್ಲಿ ಲೆಕ್ಕ ತಿರುವುಮುರುವು. ಅಲ್ಲಿನ ರಾಜಧಾನಿಯ ಉದ್ದ ಮೂರು ಗ್ಲಾಮ್‌ಗ್ಲಂಗ್, ಅಂದರೆ 54 ಮೈಲಿ. ಅದೇ ಗಲಿವರ್, ಅದೇ ಮೈ. ಒಂದು ಕಡೆ ಪರ್ವತ, ಇನ್ನೊಂದು ಕಡೆ ಇಲಿಮರಿ.

ಸ್ವಿಫ್ಟ್‌ನಿಗೆ ಅಳತೆಯ ಮೇಲೇಕೆ ಇಷ್ಟು ಕಣ್ಣು? ಅವನು ಬದುಕಿದ ಊರನ್ನು ನೋಡಿದರೆ ಸ್ವಲ್ಪ ಅರ್ಥವಾಗುತ್ತದೆ. ಇಂಗ್ಲೆಂಡಿನ ಮೈಲಿ 1,760 ಗಜವಾದರೆ ಐರ್ಲೆಂಡಿನ ಮೈಲಿ 2,240 ಗಜ. ಎರಡೂ ಕಡೆ ದೊರೆ ಒಬ್ಬನೇ, ಮೈಲಿ ಮಾತ್ರ ಬೇರೆ. ಇಡೀ ಬ್ರಿಟಿಷ್ ರಾಜ್ಯಕ್ಕೆ ಒಂದೇ ಅಳತೆ ಎಂಬ ಕಾಯಿದೆ ಬಂದದ್ದು 1824ರಲ್ಲಿ, ಸ್ವಿಫ್ಟ್ ತೀರಿಕೊಂಡು ಸುಮಾರು ಎಂಬತ್ತು ವರ್ಷಗಳ ಮೇಲೆ.

ಮೈಲಿಯ ವ್ಯತ್ಯಾಸದಿಂದ ಯಾರ ಹೊಟ್ಟೆಯ ಮೇಲೂ ಹೊಡೆತ ಬೀಳಲಿಲ್ಲ. ನಾಣ್ಯದ ವಿಷಯ ಹಾಗಲ್ಲ. 1722ರಲ್ಲಿ ವಿಲಿಯಂ ವುಡ್ ಎಂಬ ಇಂಗ್ಲಿಷ್ ಉದ್ಯಮಿಗೆ ಐರ್ಲೆಂಡಿಗಾಗಿ 1,00,800 ಪೌಂಡ್ ಮೌಲ್ಯದ ತಾಮ್ರದ ನಾಣ್ಯ ಟಂಕಿಸುವ ಹಕ್ಕು ಸಿಕ್ಕಿತು. ಐರ್ಲೆಂಡಿನ ಪಾರ್ಲಿಮೆಂಟನ್ನು ಯಾರೂ ಕೇಳಲಿಲ್ಲ. ಇಂಗ್ಲೆಂಡಿನಲ್ಲಿ ಒಂದು ಪೌಂಡ್ ತೂಕದ ತಾಮ್ರದಿಂದ 23 ಪೆನ್ನಿಯಷ್ಟು ನಾಣ್ಯ ಹೊಡೆಯುತ್ತಿದ್ದರೆ, ವುಡ್ ಅಷ್ಟೇ ತಾಮ್ರದಿಂದ 30 ಪೆನ್ನಿಯಷ್ಟು ಹೊಡೆಯಬಹುದಿತ್ತು. ಟಂಕಸಾಲೆಯ ಮುಖ್ಯಸ್ಥನಾಗಿದ್ದ ಐಸಾಕ್ ನ್ಯೂಟನ್ 1724ರಲ್ಲಿ ಪರೀಕ್ಷಿಸಿ, ನಾಣ್ಯ ಕರಾರಿಗೆ ತಕ್ಕಂತಿದೆ ಎಂದು ವರದಿ ಕೊಟ್ಟ. ಡಬ್ಲಿನ್ನಿನ ತಕರಾರು ಇದ್ದದ್ದು ಕರಾರಿನ ಮೇಲೆಯೇ.

ಅದೇ ವರ್ಷ ಬಟ್ಟೆ ವ್ಯಾಪಾರಿಯ ಸೋಗಿನಲ್ಲಿ ಸ್ವಿಫ್ಟ್ ಕರಪತ್ರಗಳನ್ನು ಬರೆದ. ಆ ನಾಣ್ಯವನ್ನು ಯಾರೂ ಮುಟ್ಟಬೇಡಿ ಎಂದು ಅಂಗಡಿಯವರಿಗೂ ಬೇಸಾಯಗಾರರಿಗೂ ತಿಳಿಯುವ ಮಾತಿನಲ್ಲಿ ಹೇಳಿದ. ನಾಲ್ಕನೆಯ ಪತ್ರದ ಕರ್ತೃವನ್ನು ಹಿಡಿದುಕೊಟ್ಟವರಿಗೆ ಸರ್ಕಾರ 300 ಪೌಂಡ್ ಬಹುಮಾನ ಸಾರಿತು. ಬರೆದವನು ಯಾರೆಂಬುದು ಊರಿಗೆಲ್ಲ ಗೊತ್ತಿತ್ತು; ಬಾಯಿ ಬಿಟ್ಟವರು ಮಾತ್ರ ಒಬ್ಬರೂ ಇಲ್ಲ. 1725ರಲ್ಲಿ ವುಡ್‌ನ ಹಕ್ಕು ರದ್ದಾಯಿತು.

ಗಲಿವರನ ಕಥೆ ಸಿದ್ಧವಾಗುತ್ತಿದ್ದದ್ದು ಇದೇ ವರ್ಷಗಳಲ್ಲಿ. ಮೂರನೆಯ ಪ್ರವಾಸದ ಲಪೂಟ ಆಕಾಶದಲ್ಲಿ ತೇಲುವ ದ್ವೀಪ. ವ್ಯಾಸ 7,837 ಗಜ, ವಿಸ್ತೀರ್ಣ ಹತ್ತು ಸಾವಿರ ಎಕರೆ. ಲೆಕ್ಕ ಹಾಕಿ ನೋಡಿದರೆ ಬಹುಮಟ್ಟಿಗೆ ತಾಳೆಯಾಗುತ್ತದೆ! ಅಲ್ಲಿನ ದರ್ಜಿ ಖಗೋಳ ಉಪಕರಣ ಹಿಡಿದು ಗಲಿವರನ ಅಳತೆ ತೆಗೆಯುತ್ತಾನೆ. ಆರು ದಿನ ಕಳೆದು ಬಂದ ಬಟ್ಟೆ ಮೈಗೆ ಹೊಂದುವುದೇ ಇಲ್ಲ; ಲೆಕ್ಕದಲ್ಲಿ ಒಂದು ಅಂಕಿ ತಪ್ಪಿತ್ತಂತೆ. ಕೆಳಗಿನ ಊರುಗಳು ದಂಗೆಯೆದ್ದರೆ ರಾಜ ದ್ವೀಪವನ್ನು ಅವುಗಳ ನೆತ್ತಿಯ ಮೇಲೆ ನಿಲ್ಲಿಸಿ ಬಿಸಿಲು ಮಳೆ ತಡೆಯುತ್ತಾನೆ, ಕಲ್ಲು ಸುರಿಸುತ್ತಾನೆ, ಕೊನೆಗೆ ದ್ವೀಪವನ್ನೇ ಅವುಗಳ ಮೇಲೆ ಇಳಿಸಲೂಬಲ್ಲ.

ಲಿಂಡಾಲಿನೊ ಎಂಬ ನಗರ ಮಾತ್ರ ಬಗ್ಗುವುದಿಲ್ಲ. ಅಲ್ಲಿನವರು ನಾಲ್ಕು ಗೋಪುರಗಳನ್ನು ಕಟ್ಟಿ, ಅವುಗಳ ತುದಿಯಲ್ಲಿ ಅಯಸ್ಕಾಂತ ಶಿಲೆ ಇಟ್ಟು, ದ್ವೀಪವನ್ನೇ ಸೆಳೆದು ಕೆಡವಲು ಸಿದ್ಧರಾಗುತ್ತಾರೆ. ರಾಜ ಸೋತು ಅವರ ಷರತ್ತುಗಳಿಗೆ ಒಪ್ಪುತ್ತಾನೆ. ಲಿಂಡಾಲಿನೊ ಹೆಸರಿನಲ್ಲಿ ‘ಲಿನ್’ ಎರಡು ಬಾರಿ ಬರುತ್ತದೆ. ‘ಡಬಲ್ ಲಿನ್’ ಎಂದರೆ ಡಬ್ಲಿನ್. ಈ ಕೆಲವು ಪ್ಯಾರಾಗಳು 1726ರ ಮುದ್ರಣದಲ್ಲಿರಲಿಲ್ಲ. 1735ರಲ್ಲಿ ಡಬ್ಲಿನ್ನಿನಲ್ಲೇ ಅಚ್ಚಾದ ಆವೃತ್ತಿಯಲ್ಲೂ ಇರಲಿಲ್ಲ. ಅವು ಮೊದಲ ಬಾರಿಗೆ ಪುಸ್ತಕದೊಳಗೆ ಸೇರಿದ್ದು 1899ರಲ್ಲಿ.