ಓಲೆಗರಿ ಉಳಿಯಿತು, ರೀಲು ಉಳಿಯಲಿಲ್ಲ

ನಮ್ಮ ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯದ ಹೆಸರನ್ನು ವಿದ್ಯಾರ್ಥಿ ಮಿತ್ರರು ಕೇಳಿಯೇ ಇರುತ್ತೀರಿ. 1891ರಲ್ಲಿ ಆರಂಭವಾದ ಈ ಸಂಸ್ಥೆಯಲ್ಲಿ 1905ರಲ್ಲಿ ಆರ್. ಶಾಮಶಾಸ್ತ್ರಿಗಳು ಓಲೆಗರಿಯ ಕಟ್ಟೊಂದರಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಗುರುತಿಸಿದರು. 1909ರಲ್ಲಿ ಅದು ಅಚ್ಚಾಯಿತು. ಶತಮಾನಗಳ ಕಾಲ ಯಾರಿಗೂ ಬೇಡವಾಗಿದ್ದ ಕೃತಿ ಉಳಿದದ್ದು ಯಾರೋ ಅದನ್ನು ಎಸೆಯದೆ ಕಟ್ಟಿಟ್ಟಿದ್ದರಿಂದ. ಸಿನಿಮಾದ ವಿಷಯದಲ್ಲಿ ನಾವು ಅಷ್ಟು ತಾಳ್ಮೆ ತೋರಲಿಲ್ಲ.

ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' ತೆರೆ ಕಂಡದ್ದು 1934ರ ಮಾರ್ಚ್ 3ರಂದು. ಇಂದು ಅದರ ಒಂದು ಪ್ರತಿಯೂ ಇಲ್ಲ. ಆ ಕಾಲದ ನೈಟ್ರೇಟ್ ಫಿಲ್ಮು ಹೊತ್ತಿಕೊಂಡರೆ ನೀರಿನಲ್ಲಿ ಮುಳುಗಿಸಿದರೂ ಆರುವುದಿಲ್ಲ. ಸುಡದೆ ಉಳಿದ ರೀಲುಗಳನ್ನು ಅದರಲ್ಲಿದ್ದ ಬೆಳ್ಳಿಗಾಗಿ ಕರಗಿಸಿದ್ದೂ ಉಂಟು. ಹಣ ತಂದ ಚಿತ್ರಗಳ ಪಾಡೇ ಇದಾದರೆ, ಹಣ ತರದ ಪ್ರಯೋಗಶೀಲ ಚಿತ್ರಗಳ ಗತಿಯೇನು?

ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಇಂಗ್ಲಿಷ್ ಕಲಿಸುತ್ತಿದ್ದ ಯು.ಆರ್. ಅನಂತಮೂರ್ತಿಯವರ ಎರಡು ಕೃತಿಗಳು ಇದಕ್ಕೆ ಉದಾಹರಣೆ. ಪಟ್ಟಾಭಿರಾಮ ರೆಡ್ಡಿಯವರ 'ಸಂಸ್ಕಾರ'ಕ್ಕೆ 1970ರಲ್ಲಿ ಮದ್ರಾಸಿನ ಸೆನ್ಸಾರ್ ಮಂಡಳಿ ಅನುಮತಿಯನ್ನೇ ನೀಡಲಿಲ್ಲ. ಬಿಡುಗಡೆಯಾದ ಮೇಲೆ ಅದೇ ಚಿತ್ರಕ್ಕೆ ಸ್ವರ್ಣಕಮಲ ಬಂತು! ಅದರಲ್ಲಿ ನಟಿಸಿದ್ದ ಸ್ನೇಹಲತಾ ರೆಡ್ಡಿಯವರು ತುರ್ತು ಪರಿಸ್ಥಿತಿಯಲ್ಲಿ ಸೆರೆಮನೆ ಸೇರಿ, ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ ತೀರಿಕೊಂಡರು.

ಅದೇ 1977ರಲ್ಲಿ ಗಿರೀಶ್ ಕಾಸರವಳ್ಳಿಯವರು ತಮ್ಮ ಮೊದಲ ಚಿತ್ರ 'ಘಟಶ್ರಾದ್ಧ'ವನ್ನು ಕಪ್ಪು ಬಿಳುಪಿನಲ್ಲಿ ತೆಗೆದರು. ಛಾಯಾಗ್ರಹಣ ಎಸ್. ರಾಮಚಂದ್ರ ಅವರದು, ಸಂಗೀತ ಮುಂದೆ ಮೈಸೂರಿನಲ್ಲಿ ರಂಗಾಯಣ ಕಟ್ಟಿದ ಬಿ.ವಿ. ಕಾರಂತರದು. ಬಸಿರಾದ ಎಳೆಯ ವಿಧವೆಯೊಬ್ಬಳನ್ನು ಬದುಕಿರುವಾಗಲೇ ಸತ್ತವಳೆಂದು ಸಾರುವ ಕಥೆ. ಇದಕ್ಕೂ ಸ್ವರ್ಣಕಮಲ ದೊರೆಯಿತು. ಆದರೆ ಪದಕ ಫಿಲ್ಮನ್ನು ಕಾಯುವುದಿಲ್ಲವಷ್ಟೆ. ಕಾಯ್ದದ್ದು ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರ. 1964ರಲ್ಲಿ ಸ್ಥಾಪನೆಯಾದ ಅದನ್ನು ಪಿ.ಕೆ. ನಾಯರ್ ಅವರು ರೀಲು ರೀಲಾಗಿ ಕಟ್ಟಿ ಬೆಳೆಸಿದರು. ಅಲ್ಲಿ ಉಳಿದಿದ್ದ ಮೂಲ ನೆಗೆಟಿವ್‌ನಿಂದ ಫಿಲ್ಮ್ ಹೆರಿಟೇಜ್ ಫೌಂಡೇಷನ್ ಮತ್ತು ಮಾರ್ಟಿನ್ ಸ್ಕಾರ್ಸೆಸಿಯವರ ಸಂಸ್ಥೆ ಸೇರಿ ಚಿತ್ರಕ್ಕೆ ಮರುಜೀವ ಕೊಟ್ಟವು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದು ಮತ್ತೆ ತೆರೆಗೆ ಬಂತು. ಸೆಕೆಂಡಿಗೆ 24 ಚೌಕಟ್ಟುಗಳೆಂದರೆ ಒಂದೂವರೆ ಗಂಟೆಯ ಚಿತ್ರಕ್ಕೆ 1,29,600 ಚೌಕಟ್ಟುಗಳು. ಒಂದೊಂದರ ಗೀರು, ಕಲೆ, ನಡುಕವನ್ನೂ ಸರಿಪಡಿಸಬೇಕು. ನೆಗೆಟಿವ್ ಇಲ್ಲದಿದ್ದರೆ ಯಾವ ಯಂತ್ರವೂ ಏನನ್ನೂ ಮಾಡಲಾರದು.

ಇಲ್ಲೊಂದು ಮಾತು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಟಿಪ್ಪು ಸುಲ್ತಾನರ ಗ್ರಂಥಾಲಯದ ಹಸ್ತಪ್ರತಿಗಳು ಇಲ್ಲಿಂದ ಹೊರಟುಹೋದವು. 1809ರಲ್ಲಿ ಚಾರ್ಲ್ಸ್ ಸ್ಟುವರ್ಟ್ ಅವುಗಳ ಪಟ್ಟಿಯನ್ನು ಅಚ್ಚು ಮಾಡಿಸಿದ. ಅವು ಉಳಿದವು, ಆದರೆ ನಮ್ಮ ಊರಿನಲ್ಲಿ ಅಲ್ಲ. ಕನ್ನಡ ಚಿತ್ರದ ನೆಗೆಟಿವ್ ಹುಡುಕಿಕೊಂಡು ಪುಣೆಗೆ ಹೋಗಬೇಕಾದಾಗ ನನಗೆ ಅದೇ ನೆನಪಾಗುತ್ತದೆ.

ಬಾನು ಮುಷ್ತಾಕ್ ಅವರ ಕಥೆಯನ್ನು ಆಧರಿಸಿ ಕಾಸರವಳ್ಳಿಯವರೇ 2004ರಲ್ಲಿ ಮಾಡಿದ 'ಹಸೀನಾ' ನಮ್ಮ ಮನೆಗಳ ಹೆಣ್ಣುಮಕ್ಕಳ ಕಥೆ. ಅದರ ಪ್ರತಿಗೂ ಇದೇ ಕಾವಲು ಬೇಕು.

ಸದಸ್ಯರ ಮನೆಗಳಲ್ಲಿ ಹಳೆಯ ಮದುವೆ, ಸಮಾರಂಭಗಳ ಫಿಲ್ಮು ಸುರುಳಿಗಳಿದ್ದರೆ ಅಟ್ಟದ ಬಿಸಿಗೆ ಹಾಕಬೇಡಿ, ತಂಪಾದ ಒಣ ಜಾಗದಲ್ಲಿಡಿ. ಡಬ್ಬಿ ತೆರೆದಾಗ ವಿನಿಗರ್ ವಾಸನೆ ಬಂದರೆ ಫಿಲ್ಮು ಕೊಳೆಯತೊಡಗಿದೆ ಎಂದರ್ಥ. ಅದನ್ನು ಉಳಿದ ಡಬ್ಬಿಗಳಿಂದ ದೂರವಿಟ್ಟು, ತಡಮಾಡದೆ ಪ್ರತಿ ಮಾಡಿಸಿಕೊಳ್ಳಿ.